ಒಸಾದೆಬೆ: ಯುದ್ಧದಲ್ಲಿ ಸೋತವರ ಭಾಷೆಯಲ್ಲಿ ಸಂಭ್ರಮದ ಹಾಡು

ಚೀಫ್ ಸ್ಟೀಫನ್ ಒಸಿಟಾ ಒಸಾದೆಬೆ (1936–2007) ನೈಜೀರಿಯಾದ ಇಗ್ಬೊ ಸಮುದಾಯದ ದೊಡ್ಡ ಹೈಲೈಫ್ ಗಾಯಕ. ಹುಟ್ಟೂರು ನೈಜರ್ ನದಿ ದಡದ ಅಟಾನಿ. ಅವರ ಪ್ರಸಿದ್ಧ ಹಾಡುಗಳಲ್ಲಿ ಘೋಷಣೆ ಇಲ್ಲ, ಕ್ರಾಂತಿಯ ಕರೆಯೂ ಇಲ್ಲ. ಹಾಗಂತ ಅವನ್ನು ರಾಜಕೀಯದಿಂದ ಬೇರೆ ಮಾಡಿ ನೋಡೋಕಾಗಲ್ಲ.

ಹೈಲೈಫ್ ಅಂದ್ರೆ?

20ನೇ ಶತಮಾನದ ಆರಂಭದಲ್ಲಿ, ಇಂದಿನ ಘಾನಾದ ಕರಾವಳಿಯಲ್ಲಿ ರೂಪುಗೊಂಡ ಸಂಗೀತ ಇದು. ಪಾಶ್ಚಾತ್ಯ ತುತ್ತೂರಿ, ಗಿಟಾರ್‌ಗಳು ಸ್ಥಳೀಯ ತಾಳಗಳ ಜೊತೆ ಬೆರೆತವು. ಸಿರಿವಂತರ ಕ್ಲಬ್ಬುಗಳಲ್ಲಿ ನುಡಿಸುತ್ತಿದ್ದರಿಂದ ಈ ಹೆಸರು. ನೈಜೀರಿಯಾಕ್ಕೆ ಬಂದ ಮೇಲೆ ಅಲ್ಲಿನ ಭಾಷೆಗಳಲ್ಲಿ ಬೆಳೆಯಿತು. ಒಸಾದೆಬೆ 1950ರ ದಶಕದಲ್ಲಿ ಲೇಗೋಸ್‌ನ ಕ್ಲಬ್ಬುಗಳಲ್ಲಿ ಹಾಡಿಯೇ ಮೇಲೆ ಬಂದವರು.

ಯುದ್ಧದ ನಂತರ

1967ರಲ್ಲಿ ಇಗ್ಬೊ ಬಹುಸಂಖ್ಯಾತ ಪೂರ್ವ ಭಾಗ 'ಬಯಾಫ್ರಾ' ಹೆಸರಲ್ಲಿ ಪ್ರತ್ಯೇಕ ದೇಶ ಘೋಷಿಸಿಕೊಂಡಿತು. 1970ರ ಜನವರಿಯಲ್ಲಿ ಸೋತು ಶರಣಾಯಿತು. ಅಷ್ಟರಲ್ಲಿ ಯುದ್ಧ ಮತ್ತು ಹಸಿವಿಗೆ ಲಕ್ಷಾಂತರ ಜನ ಬಲಿಯಾಗಿದ್ದರು. 'ಗೆದ್ದವರಿಲ್ಲ, ಸೋತವರಿಲ್ಲ' ಅಂತ ಸರ್ಕಾರ ಹೇಳಿತು. ಆದರೆ ಬ್ಯಾಂಕಿನಲ್ಲಿ ಎಷ್ಟೇ ಹಣ ಇಟ್ಟಿದ್ದರೂ ಬಹಳಷ್ಟು ಇಗ್ಬೊ ಜನರ ಕೈಗೆ ಬಂದಿದ್ದು ಬರೀ 20 ಪೌಂಡ್.

ಅಲ್ಲಿಂದ ಮತ್ತೆ ವ್ಯಾಪಾರ ಕಟ್ಟಿದವರನ್ನು ಒಸಾದೆಬೆ ಹೆಸರು ಹಿಡಿದು ಹಾಡಿದರು. ಆಬಾ ನಗರದಲ್ಲಿ ಹುಟ್ಟಿದ 'ಪೀಪಲ್ಸ್ ಕ್ಲಬ್' ಎಂಬ ಸಂಘದ ಮೇಲೂ ಅವರ ಹಾಡಿದೆ. ವ್ಯಕ್ತಿಯ ಬಿರುದು, ಸಾಧನೆ ಎತ್ತಿ ಹೊಗಳೋದು ಇಗ್ಬೊ ಸಂಪ್ರದಾಯದ ಭಾಗ. ಎಲ್ಲ ಕಳೆದುಕೊಂಡ ಸಮುದಾಯಕ್ಕೆ ತನ್ನ ಭಾಷೆಯಲ್ಲಿ ತನ್ನವರ ಹೆಸರು ಕೇಳೋದೇ ಒಂದು ಘನತೆ.

ಹೊಗಳಿಕೆಯ ಇನ್ನೊಂದು ಮುಖ

ದುಡ್ಡಿದ್ದವರಿಗೆ ಮಾತ್ರ ಹಾಡು ಸಿಗುತ್ತಾ? ಈ ಪ್ರಶ್ನೆ ನ್ಯಾಯವಾದದ್ದೇ. ಹೊಗಳಿಸಿಕೊಂಡವರಲ್ಲಿ ಬಹುತೇಕರು ಉಳ್ಳವರು; ಮಾರುಕಟ್ಟೆಯಲ್ಲಿ ಮೂಟೆ ಹೊತ್ತವರ ಹೆಸರು ಅಲ್ಲಿ ಸಿಗೋದು ಕಷ್ಟ. ಪರಂಪರೆಯ ಸಂಭ್ರಮ ಅಂದಾಗ ಯಾರ ಸಂಭ್ರಮ ಅಂತಲೂ ಕೇಳಬೇಕಾಗುತ್ತೆ.

ಆದರೆ ಹಾಡುಗಳು ಆ ಸಿರಿವಂತರ ಬಳಿಯೇ ಉಳಿಯಲಿಲ್ಲ. 1984ರ 'ಒಸೊಂಡಿ ಒವೆಂಡಿ' ಭಾರಿ ಜನಪ್ರಿಯವಾಯಿತು. ಒಬ್ಬರಿಗೆ ಹಿಡಿಸಿದ್ದು ಇನ್ನೊಬ್ಬರಿಗೆ ಹಿಡಿಸದು ಅನ್ನೋದು ಆ ಶೀರ್ಷಿಕೆಯ ಭಾವ. ನಿಧಾನಕ್ಕೆ ಹರಿಯುವ ಗಿಟಾರ್ ಮೇಲೆ, ಹರಟೆ ಹೊಡೆದ ಹಾಗೆ ಹಾಡೋ ಅವರ ಶೈಲಿ ಮನೆಮನೆಗೂ ಮುಟ್ಟಿತು.

ಇವತ್ತು 'ದಿ ಕೇವ್‌ಮೆನ್' ಎಂಬ ಸಹೋದರರ ಜೋಡಿ ಇಗ್ಬೊದಲ್ಲೇ ಹೈಲೈಫ್ ಹಾಡುತ್ತಿದೆ. ಅವರ 'ರೂಟ್ಸ್' ಆಲ್ಬಂ ಬಂದಿದ್ದು 2020ರಲ್ಲಿ. ಯುದ್ಧ ನೋಡದ ಪೀಳಿಗೆಯೂ ಈ ಸಂಗೀತಕ್ಕೆ ಕುಣಿಯುತ್ತಿದೆ. ಭಾಷೆ ಸ್ಮಾರಕಗಳಿಂದ ಉಳಿಯಲ್ಲ, ಜನ ಅದರಲ್ಲಿ ಖುಷಿಪಡುವಷ್ಟು ಕಾಲ ಉಳಿಯುತ್ತೆ.