ಪ್ಲೇಗು ಬಂದ ಮೇಲೆ ಬೆಂಗಳೂರಿನಲ್ಲಿ 21,320 ಜನ ಕಡಿಮೆ: ಅವರೆಲ್ಲ ಎಲ್ಲಿಗೆ ಹೋದ್ರು?

ದೊಮ್ಮಲೂರಿಂದ ಮಾತಾಡ್ತಿದ್ದೀನಿ. ನಮ್ಮ ಬೀದೀಲಿ ಹೆಜ್ಜೆಗೊಂದು ಪಿಜಿ. ಒಂದು ಪಿಜಿಯಲ್ಲಿ ವರ್ಷಕ್ಕೆ ಎಷ್ಟು ಮಕ್ಕಳು ಹುಟ್ಟುತ್ತವೆ ಹೇಳಿ? ಸೊನ್ನೆ. ಆದ್ರೂ ಜನ ಹೆಚ್ಚುತ್ತಲೇ ಇದ್ದಾರೆ. ಜೀವಶಾಸ್ತ್ರದಲ್ಲಿ ಒಂದು ಜಾಗದ ಪಾಪ್ಯುಲೇಷನ್ ಲೆಕ್ಕಕ್ಕೆ ನಾಲ್ಕೇ ಬಾಗಿಲು: ಹುಟ್ಟು, ಸಾವು, ಬರೋರು, ಹೋಗೋರು. ಜಿಂಕೆಗೂ ಅದೇ, ನಮಗೂ ಅದೇ. ಇವತ್ತಿನ ಕಥೆ ಕೊನೆಯ ಬಾಗಿಲಿನದ್ದು.

1891ರ ಜನಗಣತಿಯಲ್ಲಿ ಮೈಸೂರು ಸರ್ಕಾರದ ಕೈಲಿದ್ದ ಬೆಂಗಳೂರು ಸಿಟಿಯಲ್ಲಿ 80,285 ಜನ. ಬ್ರಿಟಿಷರ ಕೈಲಿದ್ದ ಕಂಟೋನ್ಮೆಂಟಿನಲ್ಲಿ 1,00,081. ಹತ್ತು ವರ್ಷ ಬಿಟ್ಟು 1901ರಲ್ಲಿ ಎಣಿಸಿದಾಗ ಸಿಟಿಯಲ್ಲಿ 69,447, ಕಂಟೋನ್ಮೆಂಟಿನಲ್ಲಿ 89,599. ಎರಡೂ ಕಡೆ ಸೇರಿ 21,320 ಕಡಿಮೆ. ಆಡಳಿತ ಬೇರೆ ಬೇರೆ, ಆದರೆ ಏಟು ಹೆಚ್ಚುಕಡಿಮೆ ಒಂದೇ.

ನಡುವೆ ಆಗಿದ್ದು ಪ್ಲೇಗು. 1896ರಲ್ಲಿ ಮುಂಬೈಯಲ್ಲಿ ಕಾಣಿಸಿಕೊಂಡ ರೋಗ 1898ರ ಆಗಸ್ಟ್‌ನಲ್ಲಿ ಇಲ್ಲಿಗೂ ಬಂತು. ಹಾಗಾದ್ರೆ 21,320 ಜನ ಸತ್ತರು ಅಂತಾನಾ? ಇಲ್ಲ, ಇಲ್ಲೇ ಎಡವೋದು. ಆ ಹತ್ತು ವರ್ಷದಲ್ಲಿ ಮಕ್ಕಳೂ ಹುಟ್ಟಿದ್ದಾವೆ, ಹೊಸಬರೂ ಬಂದಿದ್ದಾರೆ. ಅದನ್ನೆಲ್ಲ ಕಳೆದು ಕೂಡಿ ಉಳಿದ ಕೊರತೆ ಇದು. ಆ ಕೊರತೆಯೊಳಗೆ ಹೆಣಗಳೂ ಇವೆ, ಗಾಡಿ ಕಟ್ಟಿಕೊಂಡು ಊರು ಬಿಟ್ಟವರೂ ಇದ್ದಾರೆ. ಮನೆಯಲ್ಲಿ ಇಲಿ ಬಿತ್ತು ಅಂದ್ರೆ ಸಾಕು, ಪಾತ್ರೆಪಗಡ ಹೊತ್ತು ಹೊಲದಲ್ಲಿ ಗುಡಿಸಲು ಹಾಕೋದು ಆ ಕಾಲದ ರೂಢಿ. ರೋಗದಷ್ಟೇ ಭಯ ಮನೆಮನೆ ತಪಾಸಣೆಗೆ, ರೋಗಿಗಳನ್ನು ಬೇರೆ ಇಡುವ ಕ್ಯಾಂಪುಗಳಿಗೆ.

ಅಂದ ಹಾಗೆ, ಆ ರೂಢಿಯಲ್ಲಿ ಒಳ್ಳೇ ವಿಜ್ಞಾನ ಇತ್ತು. ಪ್ಲೇಗು ಮೊದಲು ಇಲಿಗಳ ಕಾಯಿಲೆ. ಇಲಿ ಸತ್ತಾಗ ಅದರ ಮೈಮೇಲಿನ ಚಿಗಟ ಇನ್ನೊಂದು ಬಿಸಿ ಮೈ ಹುಡುಕುತ್ತೆ, ಸಿಗೋದು ಮನುಷ್ಯ. ಇಲಿಗಳ ಸಂಖ್ಯೆ ಬಿದ್ದಾಗಲೇ ನಮ್ಮ ಸಂಖ್ಯೆಗೂ ಅಪಾಯ. ಚಿಗಟದ ಪಾತ್ರವನ್ನು ಪಾಲ್ ಲೂಯಿ ಸಿಮೋಂ ಕರಾಚಿಯಲ್ಲಿ ಪ್ರಯೋಗ ಮಾಡಿ ತೋರಿಸಿದ್ದು ಅದೇ 1898ರಲ್ಲಿ.

ಇನ್ನೊಂದು ಮಾತು: ಎಷ್ಟು ಜನ ಅನ್ನೋದಕ್ಕಿಂತ ಎಷ್ಟು ಒತ್ತೊತ್ತಾಗಿ ಇದ್ದಾರೆ ಅನ್ನೋದು ಮುಖ್ಯ ಆಗಿತ್ತು. ಇಕ್ಕಟ್ಟಾದ ಓಣಿ, ಧಾನ್ಯದ ಮಂಡಿ, ಗಾಳಿಯಿಲ್ಲದ ಕೋಣೆ, ಇಲಿಗೆ ಇನ್ನೇನು ಬೇಕು? ಬಸವನಗುಡಿ, ಮಲ್ಲೇಶ್ವರಗಳ ಅಗಲ ರಸ್ತೆಗಳು, ಆಮೇಲೆ ಕಂಟೋನ್ಮೆಂಟ್ ಕಡೆ ಫ್ರೇಜರ್ ಟೌನ್, ಇವೆಲ್ಲ ಒತ್ತು ಬಿಡಿಸೋ ಯೋಚನೆಯ ಕೂಸುಗಳು. ಚಂದಕ್ಕೆ ಮಾತ್ರ ಕಟ್ಟಿದ್ದಲ್ಲ!

1911ರ ಹೊತ್ತಿಗೆ ಎರಡೂ ಸೇರಿ 1,89,485. ಹೋದೋರು, ಹೊಸಬರು, ಮಕ್ಕಳು ಸೇರಿ ಲೆಕ್ಕ ಹಳೇ ಮಟ್ಟ ದಾಟಿತು. 1940ರ ಡಿಸೆಂಬರಿನಲ್ಲಿ ನಮ್ಮ ದೊಮ್ಮಲೂರಿನ ಪೂರ್ವಕ್ಕೆ ಎಚ್‌ಎಎಲ್ ಶುರುವಾಯ್ತು. 1941ರಲ್ಲಿ 4,06,760 ಇದ್ದ ಜನ 1951ಕ್ಕೆ 7,78,977. ಇಷ್ಟು ಬೇಗ ಮಕ್ಕಳು ಹುಟ್ಟಿ ಊರು ತುಂಬಲ್ಲ. ಕೆಲಸ ಹುಡುಕಿ ಬಂದವರು ತುಂಬಿದರು.

ಐದನೇ ಬಾಗಿಲೂ ಒಂದಿದೆ, ಪುಸ್ತಕದಲ್ಲಿ ಇರಲ್ಲ: ಗಡಿ. 1949ರಲ್ಲಿ ಸಿಟಿ, ಕಂಟೋನ್ಮೆಂಟ್ ಒಂದಾದವು, ಸುತ್ತಲ ಹಳ್ಳಿಗಳನ್ನು ನಗರ ನುಂಗುತ್ತಾ ಬಂತು. ಶಾಸನಗಳಲ್ಲಿ ತೊಂಬಲೂರು ಅಂತ ಕಾಣೋ ಈ ದೊಮ್ಮಲೂರೂ ಹಾಗೇ ಒಳಗೆ ಬಂತು. ಇಲ್ಲಿನ ರೈತ ಜಗಲಿ ಬಿಟ್ಟು ಎದ್ದೇ ಇರಲಿಲ್ಲ, ಬೆಂಗಳೂರಿನ ಲೆಕ್ಕಕ್ಕೆ ಸೇರಿಬಿಟ್ಟಿದ್ದ.