ಪೆಟ್ಟಿನ ಸದ್ದು, ಮಾತಿಲ್ಲದ ನಗೆ: ಗಡಿನಾಡಿನಿಂದ ಮೂಕಿ ಹಾಸ್ಯಚಿತ್ರಗಳತ್ತ ಒಂದು ನೋಟ

ಒಂದು ಪದದಿಂದ ಶುರು ಮಾಡ್ತೇನೆ. ‘ಸ್ಲ್ಯಾಪ್‌ಸ್ಟಿಕ್’ ಅಂದ್ರೆ ಮೂಲದಲ್ಲಿ ಎರಡು ತೆಳು ಹಲಗೆ ಜೋಡಿಸಿದ ಕೋಲು. ಇಟಲಿಯ ಹಾಸ್ಯನಾಟಕಗಳಲ್ಲಿ ವಿದೂಷಕ ಅದರಿಂದ ಹೊಡೆದರೆ ಸದ್ದು ಜೋರು, ನೋವು ಕಡಿಮೆ. ಈ ಹಾಸ್ಯದ ಗುಟ್ಟು ಇಷ್ಟೇ.

1895ರ ಡಿಸೆಂಬರ್ 28ರಂದು ಪ್ಯಾರಿಸ್ಸಿನಲ್ಲಿ ಲೂಮಿಯೇರ್ ಸಹೋದರರು ತೋರಿಸಿದ ಚಿತ್ರಗಳಲ್ಲಿ ಒಂದನ್ನು ನೋಡಿ. ಮಾಲಿ ತೋಟಕ್ಕೆ ನೀರು ಬಿಡ್ತಿರ್ತಾನೆ. ಹುಡುಗನೊಬ್ಬ ಹಿಂದಿನಿಂದ ಪೈಪು ತುಳೀತಾನೆ. ನೀರು ಯಾಕೆ ನಿಂತಿತು ಅಂತ ಮಾಲಿ ಪೈಪಿನ ಬಾಯಿಗೆ ಇಣುಕಿದಾಗ ಹುಡುಗ ಕಾಲು ತೆಗೀತಾನೆ, ನೀರೆಲ್ಲ ಮುಖಕ್ಕೆ! ಕೊನೆಗೆ ಹುಡುಗನಿಗೆ ಏಟು. ಪೂರಾ ಒಂದು ನಿಮಿಷವೂ ಇಲ್ಲ. 1912ರಲ್ಲಿ ಹುಟ್ಟಿದ ಕೀಸ್ಟೋನ್ ಕಂಪನಿ, 1914ರಲ್ಲಿ ಅದರ ಚಿತ್ರಗಳಿಂದ ತೆರೆಗೆ ಬಂದ ಚಾಪ್ಲಿನ್ ಈ ಬಗೆಯ ಹಾಸ್ಯವನ್ನೇ ಬೆಳೆಸಿದರು. ತೆರೆಯಲ್ಲಿ ಸದ್ದಿಲ್ಲ, ಹಾಗಾಗಿ ಬೀಳುವುದು, ಓಡುವುದು ಎಲ್ಲ ಕಣ್ಣಿಗೇ ದೊಡ್ಡದಾಗಿ ಕಾಣಬೇಕಾಯಿತು.

ಬಿಳಿ ಪರದೆಯ ಮೇಲಿನ ಹೊಡೆದಾಟ ಅನಂತಪುರ ಸೀಮೆಗೆ ಹೊಸದಲ್ಲ. ಧರ್ಮಾವರದ ಬಳಿಯ ನಿಮ್ಮಲಕುಂಟೆ ಇಂದಿಗೂ ತೊಗಲುಬೊಂಬೆಗೆ ಹೆಸರಾದ ಊರು. ರಾಮಾಯಣದ ನಡುವೆ ಬಂಗಾರಕ್ಕನೂ ಜುಟ್ಟುಪೋಲಿಗಾಡೂ ಬಂದು ಕಿತ್ತಾಡ್ತಾರೆ. ಕನ್ನಡದ ಆಟದಲ್ಲಿ ಅವಳ ಜೋಡಿ ಕಿಳ್ಳೇಕ್ಯಾತ. ಏಟು ಬಿದ್ದಾಗ ಆಡಿಸುವವರು ಕಾಲಡಿಯ ಹಲಗೆ ತುಳಿದು ಸದ್ದು ಮಾಡ್ತಾರೆ. ಇಟಲಿಯಲ್ಲಿ ಕೈಯಲ್ಲಿದ್ದ ಹಲಗೆ ಇಲ್ಲಿ ಕಾಲಡಿಗಿದೆ. ಒಂದರಿಂದ ಇನ್ನೊಂದು ಬಂತು ಅಂತ ಹೇಳ್ತಿಲ್ಲ; ಎರಡರ ಜಾಣತನ ಒಂದೇ.

ಆದರೆ ಬೊಂಬೆ ಮಾತಾಡುತ್ತೆ, ಮೂಕಿ ಮಾತಾಡಲ್ಲ. ಪೈಪಿನ ಹಾಸ್ಯಕ್ಕೆ ಅಕ್ಷರವೂ ಬೇಡ, ಅನುವಾದವೂ ಬೇಡ. ಮನೆಯಲ್ಲಿ ಕನ್ನಡ, ಕಚೇರಿಯಲ್ಲಿ ತೆಲುಗು ಅನ್ನುವ ಅಮರಾಪುರದಂಥ ಊರಿನಿಂದ ನೋಡಿದರೆ ಇದು ಸಣ್ಣ ಮಾತಲ್ಲ. ನಮ್ಮ ಸಿನಿಮಾ ಚರಿತ್ರೆ ಹೆಚ್ಚಾಗಿ ವಾಕ್ಚಿತ್ರದಿಂದ ಶುರುವಾಗುತ್ತೆ: ತೆಲುಗಿಗೆ 1932ರ ‘ಭಕ್ತ ಪ್ರಹ್ಲಾದ’, ಕನ್ನಡಕ್ಕೆ 1934ರ ‘ಸತಿ ಸುಲೋಚನಾ’. ಹಾಸ್ಯನಟರೆಂದೇ ಹೆಸರಾದ ಗುಬ್ಬಿ ವೀರಣ್ಣನವರು ಅದಕ್ಕೂ ಮೊದಲೇ ಮೂಕಿಗಳಿಗೆ ಕೈಹಾಕಿದ್ದು ಇಂಥ ಪಟ್ಟಿಯಲ್ಲಿ ಅಡಿಟಿಪ್ಪಣಿಯಾಗುತ್ತೆ. 1953ರಲ್ಲಿ ಬಳ್ಳಾರಿ ಮೈಸೂರಿಗೆ, ರಾಯದುರ್ಗ ಆಂಧ್ರಕ್ಕೆ ಅಂತ ಗೆರೆ ಎಳೆದ ಹಾಗೆಯೇ ಸಿನಿಮಾದ ನೆನಪನ್ನೂ ಭಾಷೆಯ ಗೆರೆಯಲ್ಲಿ ಹಂಚಿಕೊಂಡಿದ್ದೇವೆ.

ಮೂಕಿಯನ್ನು ಮಾತು ಬಾರದ ಬಾಲ್ಯ ಅನ್ನಬೇಡಿ. ಗೆರೆಯ ಎರಡೂ ಕಡೆಯವರು ಒಟ್ಟಿಗೆ ನಗಬಹುದಾದ ಸಿನಿಮಾ ಅದು. ಚರಿತ್ರೆಯನ್ನು ಅಲ್ಲಿಂದ ಬರೆದರೆ ಗಡಿನಾಡಿಗೂ ಒಂದು ಜಾಗ ಸಿಗುತ್ತೆ. ಚರ್ಚೆಗೆ ಇಷ್ಟನ್ನು ಇಡ್ತೇನೆ.