ಬಚ್ಚಲೊಲೆಯ ಬೂದಿ ಮತ್ತು ಮರಾಕೆಶ್‌ನ ಮಾಂಸ

ಮೊರಾಕ್ಕೊದ ಮಾಂಸದಡುಗೆ ಎಂದರೆ ಹೊರಗಿನವರಿಗೆ ಮೊದಲು ನೆನಪಾಗುವುದು ತಾಜೀನ್. ಗೋಪುರದಂಥ ಮುಚ್ಚಳದ ಮಣ್ಣಿನ ಪಾತ್ರೆಯಲ್ಲಿ ಕುರಿಮಾಂಸ, ಒಣಹಣ್ಣು, ಬಾದಾಮಿ, ದಾಲ್ಚಿನ್ನಿ. ಇದರ ಚರಿತ್ರೆಯನ್ನು ಹೇಳುವ ವಾಡಿಕೆಯ ದಾರಿಯೊಂದಿದೆ. 1226ರಲ್ಲಿ ಅಲ್-ಬಗ್ದಾದಿ ಬರೆದ ಪಾಕಪುಸ್ತಕದಲ್ಲಿ ಮಾಂಸಕ್ಕೆ ಹಣ್ಣು ಬೆರೆಸುವ ರುಚಿ ಸಿಗುತ್ತದೆ. ಅದೇ ಶತಮಾನದಲ್ಲಿ ಸ್ಪೇನಿನ ಮುರ್ಸಿಯಾ ಬಿಟ್ಟು ಟ್ಯೂನಿಸ್‌ನಲ್ಲಿ ನೆಲೆಗೊಂಡ ಇಬ್ನ್ ರಝೀನ್ ಅಲ್-ತುಜೀಬಿ, ಬಿಟ್ಟುಬಂದ ನಾಡಿನ ಅಡುಗೆಯನ್ನು ದೊಡ್ಡ ಗ್ರಂಥವನ್ನಾಗಿಸಿದ. 1492ರಲ್ಲಿ ಸ್ಪೇನಿನ ಕೊನೆಯ ಮುಸ್ಲಿಂ ರಾಜ್ಯ ಗ್ರನಾಡ ಬಿತ್ತು. 1609ರಿಂದ 1614ರವರೆಗೆ ಮೊರಿಸ್ಕೊಗಳನ್ನು, ಅಂದರೆ ಬಲವಂತದಿಂದ ಕ್ರೈಸ್ತರಾದ ಮುಸ್ಲಿಮರ ಸಂತತಿಯನ್ನು, ಸ್ಪೇನಿನಿಂದ ಹೊರದೂಡಲಾಯಿತು. ಹೀಗೆ ಅರಮನೆಯ ರುಚಿ ನಿರಾಶ್ರಿತರ ಗಂಟಿನೊಳಗೆ ಸೇರಿ ಉತ್ತರ ಆಫ್ರಿಕಾದ ಮನೆಗಳಿಗೆ ಇಳಿಯಿತು ಎನ್ನುವುದು ಈ ಕಥೆ. ಫೆಸ್ ನಗರದ ಸಿಹಿ ತಾಜೀನ್‌ಗಳ ಮಟ್ಟಿಗೆ ಇದು ಸರಿಯೇ. ಆದರೆ ಮರಾಕೆಶ್ ತನ್ನದೆಂದು ಬೀಗುವ ತಂಜಿಯಾ ಎಂಬ ಮಾಂಸದಡುಗೆ ಈ ಕಥೆಯೊಳಗೆ ಕೂರುವುದಿಲ್ಲ. ಅದನ್ನು ರೂಪಿಸಿದ್ದು ಪಾಕಪುಸ್ತಕವಲ್ಲ, ಹಮ್ಮಾಮ್ ಎಂಬ ಸಾರ್ವಜನಿಕ ಸ್ನಾನಗೃಹದ ಒಲೆಯಲ್ಲಿ ಉಳಿದ ಬಿಸಿ ಎಂಬುದು ನನ್ನ ವಾದ.

ಮೊದಲು ಪಾತ್ರೆಯನ್ನೇ ನೋಡಿ. ಹೊಟ್ಟೆ ಉಬ್ಬಿದ, ಕುತ್ತಿಗೆ ಕಿರಿದಾದ, ಎರಡು ಹಿಡಿಗಳ ಮಣ್ಣಿನ ಹೂಜಿ. ಇದರಲ್ಲಿ ಈರುಳ್ಳಿ ಬಾಡಿಸಲಾಗದು, ಮಸಾಲೆ ಹುರಿಯಲಾಗದು, ಸೌಟು ಆಡಿಸಲಂತೂ ಆಗದು. ಹಾಕುವುದೆಲ್ಲ ಹಸಿಯಾಗಿಯೇ: ದನದ ಅಥವಾ ಕುರಿಯ ಕಾಲಿನ ಮಾಂಸ, ಬೆಳ್ಳುಳ್ಳಿ, ಉಪ್ಪಿನಲ್ಲಿ ಹಾಕಿಟ್ಟ ನಿಂಬೆಯ ಸಿಪ್ಪೆ, ಜೀರಿಗೆ, ಕೇಸರಿ, ಸ್ಮೆನ್ ಎಂಬ ಹುಳಿವಾಸನೆಯ ಹಳೆಬೆಣ್ಣೆ, ಒಂದಿಷ್ಟು ನೀರು. ಹೂಜಿಯ ಬಾಯಿಗೆ ಕಾಗದ ಮುಚ್ಚಿ, ದಾರ ಬಿಗಿದು, ಹಬೆಗೆಂದು ಒಂದೆರಡು ತೂತು ಚುಚ್ಚುತ್ತಾರೆ. ತರಕಾರಿಯಿಲ್ಲ, ಹಣ್ಣಿಲ್ಲ. ನಂತರ ಅದು ಹೋಗುವುದು ಹಮ್ಮಾಮ್‌ನ ಹಿಂಬದಿಗೆ, ಒಲೆ ನೋಡಿಕೊಳ್ಳುವ ಫರ್ನಾಚಿಯ ಬಳಿಗೆ. ಆತ ಅದನ್ನು ಬಿಸಿಬೂದಿಯಲ್ಲಿ ಕುತ್ತಿಗೆಯವರೆಗೆ ಹೂತು, ಆಗಾಗ ತಿರುಗಿಸಿಡುತ್ತಾನೆ. ಆರೆಂಟು ತಾಸಿನ ನಂತರ ಮಾಂಸ ಮೂಳೆಯನ್ನು ತಾನಾಗಿ ಬಿಟ್ಟುಕೊಟ್ಟಿರುತ್ತದೆ. ಬಚ್ಚಲೊಲೆಯ ಕೆಂಡದಲ್ಲಿ ಗೆಣಸು, ಹಲಸಿನ ಬೀಜ ಹುದುಗಿಸಿ ತಿಂದ ಮಲೆನಾಡಿನವರಿಗೆ ಈ ಲೆಕ್ಕಾಚಾರವನ್ನು ಬಿಡಿಸಿ ಹೇಳಬೇಕಿಲ್ಲ. ಬೂದಿ ಬಿಸಿಯನ್ನು ನಿಧಾನಕ್ಕೆ ಬಿಟ್ಟುಕೊಡುತ್ತದೆ, ಒಮ್ಮೆಲೇ ಉರಿಯುವುದಿಲ್ಲ. ಕಾಲಿನ ಮಾಂಸದ ಗಟ್ಟಿ ನಾರು, ಅಂದರೆ ಕೊಲಾಜೆನ್, ಕರಗಿ ಅಂಟಾಗಲು ಬೇಕಿರುವುದೂ ಇಂಥ ಮಂದ ಶಾಖದ ದೀರ್ಘಕಾಲವೇ. ಗ್ರೇವಿಗೆ ಮೈ ಬರುವುದು ಆ ಅಂಟಿನಿಂದ, ಮಸಾಲೆಯ ರಾಶಿಯಿಂದಲ್ಲ.

ಈ ಬೆಂಕಿ ಎಷ್ಟು ಹಳೆಯದು, ಎಷ್ಟು ಅಗ್ಗದ್ದು ಎಂಬುದಕ್ಕೆ ಒಳ್ಳೆಯ ಸಾಕ್ಷಿಯಿದೆ. ಗ್ರನಾಡದಲ್ಲಿ ಹುಟ್ಟಿ ಫೆಸ್‌ನಲ್ಲಿ ಬೆಳೆದ ಲಿಯೋ ಆಫ್ರಿಕಾನಸ್‌ನ ಆಫ್ರಿಕಾ ವರ್ಣನೆ 1550ರಲ್ಲಿ ವೆನಿಸ್‌ನಲ್ಲಿ ಅಚ್ಚಾಯಿತು. ಫೆಸ್‌ನಲ್ಲಿ ಸುಮಾರು ನೂರು ಹಮ್ಮಾಮ್‌ಗಳಿದ್ದವೆಂದು ಅವನು ಬರೆಯುತ್ತಾನೆ. ಲಾಯಗಳ ಲದ್ದಿ ಕೊಂಡು, ಊರ ಹೊರಗೆ ರಾಶಿ ಹಾಕಿ, ಎರಡು ಮೂರು ತಿಂಗಳು ಒಣಗಿಸಿ ಸ್ನಾನದ ನೀರು ಕಾಯಿಸುತ್ತಿದ್ದರೆಂಬ ವಿವರವೂ ಅಲ್ಲಿದೆ. ಕಟ್ಟಿಗೆಗೆ ಬರವಿದ್ದ ನಾಡಿನಲ್ಲಿ ಮನೆಮನೆಗೂ ದಿನವಿಡೀ ಒಲೆ ಉರಿಸುವುದು ದುಬಾರಿ. ಅದಕ್ಕೇ ಕೇರಿಗೊಂದು ಹಮ್ಮಾಮ್, ಕೇರಿಗೊಂದು ರೊಟ್ಟಿಯ ಒಲೆ. ಹಿಟ್ಟು ಮನೆಯಲ್ಲಿ ನಾದಿದರೂ ರೊಟ್ಟಿ ಬೇಯುತ್ತಿದ್ದುದು ಕೇರಿಯ ಒಲೆಯಲ್ಲಿ. ಮೊರಾಕ್ಕೊದ ಯಹೂದಿಗಳು ಸಬ್ಬತ್ ದಿನ ಬೆಂಕಿ ಹೊತ್ತಿಸುವಂತಿರಲಿಲ್ಲ. ಶುಕ್ರವಾರ ಸಂಜೆಯೇ ಮಾಂಸ, ಕಡಲೆ, ಮೊಟ್ಟೆ ತುಂಬಿದ ಸ್ಖೀನಾದ ಗಡಿಗೆಯನ್ನು ಆ ಒಲೆಗೆ ಒಪ್ಪಿಸಿ ಶನಿವಾರ ತರುತ್ತಿದ್ದರು. ಧರ್ಮ ಬೇರೆ, ಕಾರಣ ಬೇರೆ. ಆದರೂ ರಾತ್ರಿಯಿಡೀ ಉಳಿಯುವ ಕೇರಿಯ ಬಿಸಿಯನ್ನು ನೆಚ್ಚಿಕೊಂಡ ಅಡುಗೆ ಒಂದೇ ಬಗೆಯದು.

ಕೇಸರಿ, ನಿಂಬೆ, ಬೆಣ್ಣೆ ಹಾಕುವ ಅಡುಗೆಯನ್ನು ಉಳಿಕೆಯ ಬಿಸಿಗೆ ಕಟ್ಟುವುದು ಎಷ್ಟು ಸರಿ ಎಂದು ಯಾರಾದರೂ ಆಕ್ಷೇಪಿಸಬಹುದು. ಕೇಸರಿ ಆಗಲೂ ಈಗಲೂ ಅಗ್ಗವಲ್ಲ, ಒಪ್ಪಿದೆ. ಆದರೆ ಅದು ದಕ್ಷಿಣದ ತಾಲಿಯೂಯಿನ್ ಸೀಮೆಯ ಬೆಳೆ, ಬೇಕಾದದ್ದು ಚಿಟಿಕೆ. ಉಪ್ಪುನಿಂಬೆಯಂತೂ ಮನೆಮಾತು. ತಾಂಜಿಯರ್‌ನ ಪ್ರವಾಸಿ ಇಬ್ನ್ ಬತೂತಾ ಹದಿನಾಲ್ಕನೇ ಶತಮಾನದಲ್ಲಿ ಹಿಂದೂಸ್ತಾನದ ಮಾವಿನ ಮಿಡಿಯ ಉಪ್ಪಿನಕಾಯಿಯನ್ನು ತನ್ನ ಓದುಗರಿಗೆ ಅರ್ಥಮಾಡಿಸಲು ತಮ್ಮೂರಲ್ಲಿ ನಿಂಬೆಗೆ ಉಪ್ಪು ಹಾಕುವಂತೆಯೇ ಎಂದು ಹೋಲಿಸುತ್ತಾನೆ. ಓದುಗರಿಗೆ ತಿಳಿಯದ ವಸ್ತುವನ್ನು ಯಾರೂ ಹೋಲಿಕೆಗೆ ತರುವುದಿಲ್ಲವಲ್ಲ. 

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ಇನ್ನೊಂದಿದೆ. ಹಮ್ಮಾಮ್‌ಗಳು ಅರಬ್ ನಗರಗಳಲ್ಲೆಲ್ಲ ಇದ್ದವು. ಹಾಗಾದರೆ ತಂಜಿಯಾ ಮರಾಕೆಶ್‌ನ ಗುರುತಾದದ್ದೇಕೆ? ಒಲೆ ಮಾತ್ರ ಸಾಕಾಗಿದ್ದರೆ ಎಲ್ಲೆಡೆಯೂ ಅದೇ ಅಡುಗೆ ಹುಟ್ಟಬೇಕಿತ್ತು. ಕೈರೋದಲ್ಲಿ ಹಮ್ಮಾಮ್‌ನ ಕೆಂಡಬೂದಿಯಲ್ಲಿ ರಾತ್ರಿಯಿಡೀ ಬೇಯುತ್ತಿದ್ದುದು ಫೂಲ್ ಎಂಬ ಅವರೆಯಂಥ ಕಾಳು. ಇದರಿಂದ ನನ್ನ ವಾದ ಸೋಲುವುದಿಲ್ಲ, ತಿದ್ದುಪಡಿಯಾಗುತ್ತದೆ: ಬೆಂಕಿ ಅಡುಗೆಯ ರೀತಿಯನ್ನು ಕೊಟ್ಟಿತು, ಗಡಿಗೆಯೊಳಗೆ ಏನಿರಬೇಕೆಂದು ಊರು ತೀರ್ಮಾನಿಸಿತು. ಮರಾಕೆಶ್ ಅಟ್ಲಾಸ್ ಬೆಟ್ಟಗಳ ದನಕುರಿ ಇಳಿದುಬರುವ ಸಂತೆಯೂರು. ಚಮ್ಮಾರರು, ಬಣ್ಣಗಾರರು, ಕಮ್ಮಾರರು ಸೂಕ್ ಎಂಬ ಪೇಟೆಬೀದಿಗಳಲ್ಲಿ ತುಂಬಿದ್ದ ಊರು. ಅಂಗಡಿ ಮುಚ್ಚುವ ಶುಕ್ರವಾರಕ್ಕೆ ಕುಶಲಕರ್ಮಿಗಳು ಹಣ ಕೂಡಿಸಿ ತಂಜಿಯಾ ಒಲೆಗಿಟ್ಟು, ತೋಟಕ್ಕೆ ಹೊತ್ತೊಯ್ದು ಉಣ್ಣುವುದು ಅಲ್ಲಿನ ರೂಢಿ. ಇದು ಗಂಡಸರ ಅಡುಗೆ ಎಂದು ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಕಟುಕನೇ ಮಾಂಸ ಕಡಿದು ಮಸಾಲೆ ತುಂಬಿಕೊಡುತ್ತಾನೆ, ಫರ್ನಾಚಿ ಬೇಯಿಸುತ್ತಾನೆ. ಆ ಗಂಡಸು ಮಾಡಿದ್ದು ಹೊತ್ತು ತಂದದ್ದಷ್ಟೇ ಎಂದು ಅವರ ಮನೆಯ ಹೆಂಗಸರು ನಕ್ಕರೆ ತಪ್ಪೇನಿಲ್ಲ.

ಹಾಗಿದ್ದರೆ ಇದನ್ನು ಮನೆಯಲ್ಲಿ ಮಾಡುವುದು ಮೋಸವೇ? ನನಗೆ ಹಾಗನಿಸುವುದಿಲ್ಲ. ದಪ್ಪ ತಳದ ಪಾತ್ರೆಯ ಬಾಯಿ ಬಿಗಿಮಾಡಿ, ಓವನ್ನಿನಲ್ಲಿ 130 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ ನಾಲ್ಕೈದು ತಾಸು ಬಿಟ್ಟರೆ ಬೂದಿಯ ಕೆಲಸ ಬಹುಪಾಲು ಆಗುತ್ತದೆ. ಕುಕ್ಕರ್ ಕೂಡ ಮಾಂಸವನ್ನು ಮೆದುಮಾಡುತ್ತದೆ, ಆದರೆ ಮುಚ್ಚಳ ತೆಗೆದಾಗ ನೀರು ತೆಳ್ಳಗೇ ಇರುವುದರಿಂದ ಇನ್ನಷ್ಟು ಕುದಿಸಿ ಬತ್ತಿಸಬೇಕು. ಸಿಗದೇ ಹೋಗುವುದು ಬೇರೆಯದು. ಹಮ್ಮಾಮ್‌ನಲ್ಲಿ ಈ ಬಿಸಿ ನೀರು ಕಾಯಿಸಿದ ಮೇಲೆ ಮಿಕ್ಕದ್ದು, ಅದರ ಬೆಲೆಯನ್ನು ಸ್ನಾನಕ್ಕೆ ಬಂದವರು ಆಗಲೇ ತೆತ್ತಿರುತ್ತಿದ್ದರು. ಮನೆಯ ಓವನ್ನಿನಲ್ಲಿ ಐದು ತಾಸಿನ ವಿದ್ಯುತ್ತೂ ಒಂದೇ ಗಡಿಗೆಯ ಖರ್ಚು. 2024ರ ಆರಂಭದಲ್ಲಿ ಬರಗಾಲದಿಂದಾಗಿ ಮೊರಾಕ್ಕೊದ ಹಲವು ನಗರಗಳಲ್ಲಿ ಹಮ್ಮಾಮ್‌ಗಳನ್ನು ವಾರಕ್ಕೆ ಮೂರು ದಿನ ಮುಚ್ಚಿಸಿದರು. ನೀರು ಕಾಯಿಸದ ದಿನ ಹೊಸ ಬೂದಿಯೂ ಇಲ್ಲ. ಜೆಮಾ ಎಲ್-ಫ್ನಾ ಚೌಕದ ಪಕ್ಕದ ಓಣಿಯ ಮಾಂಸದಂಗಡಿಗಳಿಗೆ ಈ ತೊಂದರೆಯಿಲ್ಲ. ಅವರ ಒಲೆ ಅವರದೇ, ನೆಲದೊಳಗೆ ತೋಡಿದ್ದು. ಆದರೆ ಅಲ್ಲಿ ಕಟ್ಟಿಗೆ ಉರಿಯುವುದು ಮಾಂಸಕ್ಕೆಂದೇ, ಅದರ ದುಡ್ಡನ್ನು ಕೊಡಬೇಕಾದವನು ಉಣ್ಣಲು ಕುಳಿತವನು.